ತೊತ್ತಿನ ಮಗ ಮಾರನ ಕಲ್ಲು

ವಿಜಯನಗರ ಪ್ರತ್ಯೇಕ ಜಿಲ್ಲೆಯಾದ ಮರುವರ್ಷ, ಅಂದರೆ ೨೦೨೨ರಲ್ಲಿ, ನಾನು ಆ ಜಿಲ್ಲೆಯಲ್ಲಿ ಶಾಸನ ಸಹಾಯಕಿಯಾಗಿದ್ದೆ. ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಈ ಐದು ತಾಲ್ಲೂಕುಗಳು ನನ್ನ ಪಾಲಿನವು. ಊರೂರು ತಿರುಗಿ ಹಳೆಯ ಕಲ್ಲುಗಳ ಮೇಲಿನ ಬರಹವನ್ನು ಓದುವುದು, ಓದಿದ್ದನ್ನು ಪುರಾತತ್ವ ಇಲಾಖೆಗೆ ಬರೆದು ಕಳಿಸುವುದು ನನ್ನ ಕೆಲಸ. ಹುಟ್ಟಿದ್ದು ತಂಬ್ರಹಳ್ಳಿಯಲ್ಲಾದ್ದರಿಂದ ಅಲ್ಲಿನ ಜನರ ಮಾತೂ ಮುನಿಸೂ ನನಗೆ ಹೊಸದಲ್ಲ. ಕೊಟ್ಟೂರಿನಲ್ಲಿ ಒಂದು ಬಾಡಿಗೆ ಕೋಣೆ ಹಿಡಿದಿದ್ದೆ. ನಿವೃತ್ತಿಗೆ ಒಂದೂವರೆ ವರ್ಷ ಉಳಿದಿತ್ತು. ಉಳಿದ ದಿನಗಳು ಸದ್ದಿಲ್ಲದೆ ಕಳೆದುಹೋಗುತ್ತವೆ ಅಂದುಕೊಂಡಿದ್ದೆ.

ಆ ವರ್ಷ ಮೆಕ್ಕೆಜೋಳದ ಕಟಾವಿನ ಹೊತ್ತಿಗೆ ಹರಪನಹಳ್ಳಿಯ ಉಪವಿಭಾಗಾಧಿಕಾರಿಗಳಿಂದ ಒಂದು ಕೋರಿಕೆ ಬಂತು. ಎರಡು ಊರುಗಳ ನಡುವಿನ ಗಡಿಯಲ್ಲಿ ಒಂದು ವೀರಗಲ್ಲಿದೆ, ಅದರ ಮೇಲಿನ ಬರಹದಲ್ಲಿ ಗಡಿಯ ಪ್ರಸ್ತಾಪ ಇದೆಯೇ ಎಂದು ಓದಿ ತಿಳಿಸಬೇಕು ಎಂಬುದು ಅದರ ಸಾರಾಂಶ. ಆ ಊರುಗಳ ನಿಜವಾದ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಒಂದನ್ನು ಮಟ್ಟಿಗುಡ್ಡ ಎನ್ನೋಣ, ಇನ್ನೊಂದನ್ನು ನೇರಲಗಟ್ಟಿ ಎನ್ನೋಣ. ಜನರ ಹೆಸರುಗಳನ್ನೂ ಬದಲಿಸಿದ್ದೇನೆ. ಮಟ್ಟಿಗುಡ್ಡ ಕೊಟ್ಟೂರು ಕಡೆಯದು, ನೇರಲಗಟ್ಟಿ ಹರಪನಹಳ್ಳಿ ಕಡೆಯದು. ಹರಪನಹಳ್ಳಿ ತಾಲ್ಲೂಕು ದಾವಣಗೆರೆ ಜಿಲ್ಲೆಗೆ ಸೇರಿದ್ದ ಕಾಲದಲ್ಲಿ ಇವೆರಡರ ನಡುವಿನ ಗುಡ್ಡವೇ ಜಿಲ್ಲೆಯ ಗಡಿ. ಜಗಳದ ಕಾಗದಗಳು ಎರಡು ಜಿಲ್ಲಾ ಕಚೇರಿಗಳಲ್ಲಿ ಹಂಚಿಹೋಗಿ, ಯಾರೂ ತೀರ್ಮಾನ ಹೇಳಿರಲಿಲ್ಲ. ಜಗಳ ಆ ಗುಡ್ಡದ ಇಳಿಜಾರಿನ ಗೋಮಾಳಕ್ಕೆ, ಅಂದರೆ ದನ ಮೇಯುವ ಸರ್ಕಾರಿ ಜಾಗಕ್ಕೆ. ಹಿಂದಿನ ಬೇಸಿಗೆಯ ಹೊಡೆದಾಟದಲ್ಲಿ ಕುರಿ ಮೇಯಿಸುವವನೊಬ್ಬನ ಕಾಲು ಮುರಿದಿತ್ತು, ಎರಡೂ ಕಡೆಯವರು ಠಾಣೆ ಹತ್ತಿದ್ದರು.

ಮಟ್ಟಿಗುಡ್ಡದಲ್ಲಿ ನನ್ನನ್ನು ಬರಮಾಡಿಕೊಂಡವರು ವೀರನಗೌಡರು. ಹಿಂದೆ ಜಿಲ್ಲಾ ಪಂಚಾಯಿತಿ ಸದಸ್ಯರಾಗಿದ್ದವರು, ಮೃದು ಮಾತಿನವರು. ಖಡಕ್ ರೊಟ್ಟಿ, ಶೇಂಗಾ ಚಟ್ನಿ, ಮೊಸರು ಇಟ್ಟು ಉಣ್ಣುವ ತನಕ ಎದ್ದು ಹೋಗಲು ಬಿಡಲಿಲ್ಲ. ಆಮೇಲೆ ತಾವೇ ಮುಂದೆ ನಿಂತು ಕಲ್ಲಿನ ಹತ್ತಿರ ಕರೆದೊಯ್ದರು. ಊರ ಹೊರಗೆ, ಗುಡ್ಡದ ಬುಡದಲ್ಲಿ, ಕೂಲಿಯವರ ಕೇರಿಯ ಬೆನ್ನಿಗೆ, ಬೇವಿನ ಮರದ ಕೆಳಗೆ ಎದೆಮಟ್ಟದ ಕಲ್ಲು. ಅದಕ್ಕೊಂದು ಹೂವಿನ ಹಾರ.

"ಮೇಡಂರೀ, ಇದು ನಮ್ಮ ಮೂಲಪುರುಷಂದು. ಮುತ್ತನಗೌಡ ಅಂತ ಇದ್ದ. ಅವನ ಮಗ ಗಡಿ ಕಾಯಾಕ ಹೋಗಿ ಇಲ್ಲೇ ಸತ್ತಾನ. ನಮ್ಮಜ್ಜ ಹೇಳ್ತಿದ್ದ. ಅದನ್ನ ನೀವು ಬರದು ಕೊಟ್ರ ಗಡಿ ಯಾರ್ದು ಅಂತ ತಾನ ಆಕ್ಕೈತಿ" ಎಂದರು.

ಹಿಂದೆ ಯಾರೋ ಅಕ್ಷರಕ್ಕೆ ಸುಣ್ಣ ತುಂಬಿ ‘ಮುತ್ತಿನ ಮಗ’ ಎಂದು ಓದಿದ್ದರಂತೆ. ಮನೆಯವರು ಅದನ್ನೇ ನಂಬಿ ಬಂದಿದ್ದರು.

ನಾನು ಪಡಿಯಚ್ಚು ತೆಗೆಯಲು ಕುಳಿತೆ. ಕಲ್ಲನ್ನು ತೊಳೆದು, ಒದ್ದೆ ಕಾಗದವನ್ನು ಅದರ ಮೇಲೆ ಹರಡಿ, ಬ್ರಷ್ಷಿನಿಂದ ಬಡಿದು ಅಕ್ಷರದ ಕುಳಿಗಳಿಗೆ ಇಳಿಸಬೇಕು. ಮೇಲೆ ಮಸಿ ತಟ್ಟಿದರೆ ಕಲ್ಲೆಲ್ಲ ಕಪ್ಪಾಗಿ ಅಕ್ಷರ ಮಾತ್ರ ಬಿಳಿದಾಗಿ ಉಳಿಯುತ್ತದೆ. ಇದಕ್ಕೆ ನೀರು ಬಹಳ ಬೇಕು. ಕೇರಿಯಿಂದ ಕೊಡ ತಂದುಕೊಟ್ಟವಳು ಹುಲಿಗೆಮ್ಮ. ನಲವತ್ತೈದರ ಆಸುಪಾಸಿನ ಹೆಂಗಸು, ಗೌಡರ ಹೊಲಗಳಿಗೆ ಹೆಣ್ಣಾಳುಗಳನ್ನು ಕೂಡಿಸಿಕೊಂಡು ಹೋಗುವ ಗುಂಪಿನ ಮುಖಂಡಿ. ಕಲ್ಲಿಗೆ ಕಾಗದ ಉಡಿಸುವುದನ್ನು ನೋಡಿ, "ಏನ್ ಯಕ್ಕಾ, ಕೂಸಿಗೆ ಅಂಗಿ ತೊಡಿಸಿದಂಗ ಮಾಡ್ತೀಯಲ್ಲ" ಎಂದು ನಕ್ಕಳು.

ಕೊಟ್ಟೂರಿನ ಕೋಣೆಯಲ್ಲಿ ಪಡಿಯಚ್ಚನ್ನು ಗೋಡೆಗೆ ತೂಗುಹಾಕಿ ಓದಿದೆ. ಲಿಪಿ ನೋಡಿದರೆ ಸಾವಿರ ವರ್ಷದ ಆಜುಬಾಜಿನದು. ಬರಹ ಪುಟ್ಟದು: "ನೇಱಿಲಗಟ್ಟದವರ್ ಪೆಣ್ಡಿರಂ ಸೆಱೆವಿಡಿದುಯ್ವಲ್ಲಿ ತೊತ್ತಿನ ಮಗಂ ಮಾರಂ ಕಾದಿ ಸೆಱೆಯಂ ಬಿಡಿಸಿ ಸತ್ತಂ." ನೇರಲಗಟ್ಟಿಯವರು ಹೆಂಗಸರನ್ನು ಸೆರೆಹಿಡಿದು ಒಯ್ಯುವಾಗ ತೊತ್ತಿನ ಮಗನಾದ ಮಾರನು ಕಾದಾಡಿ, ಸೆರೆ ಬಿಡಿಸಿ ಸತ್ತನು. ಇಷ್ಟೇ. ಗಡಿ ಎಂಬ ಮಾತೇ ಇಲ್ಲ.

ಇಲ್ಲಿ ಎರಡು ಸಂಗತಿ ವಿವರಿಸಬೇಕು. ದನ ಹೊಡೆದುಕೊಂಡು ಹೋಗುವಂತೆ ಹೆಂಗಸರನ್ನೂ ಹೊತ್ತೊಯ್ಯುವುದು ಆ ಕಾಲದಲ್ಲಿ ಇತ್ತು. ಅದನ್ನು ತಡೆಯಲು ಹೋಗಿ ಸತ್ತವರಿಗೆ ಹಾಕಿದ ಕಲ್ಲುಗಳು ನಮ್ಮ ನಾಡಿನಲ್ಲಿ ಬೇಕಾದಷ್ಟಿವೆ. ಎರಡನೆಯದು ‘ತೊತ್ತು’. ಒಡೆಯನ ಸೊತ್ತಾಗಿ ಬದುಕುತ್ತಿದ್ದ ದಾಸಿ ಎಂದು ಅದರ ಅರ್ಥ. ಅವಳ ಹೊಟ್ಟೆಯಲ್ಲಿ ಹುಟ್ಟಿದವನೂ ಆ ಮನೆಯ ಆಳೇ. ಕಲ್ಲು ಬರೆಸಿದವರು ಮಾರನ ಅಪ್ಪನ ಹೆಸರು ಬರೆಸಿಲ್ಲ. ಅವನ ಗುರುತು ಅವ್ವನಿಂದ, ಅದೂ ಅವಳ ಗುಲಾಮಗಿರಿಯಿಂದ.

ಒಂದು ಅಕ್ಷರದ ಅಂಚು ಒಡೆದಿತ್ತು. ‘ತೊತ್ತಿನ’ ಎಂಬುದರ ಮೊದಲಕ್ಷರ. ಅನುಮಾನ ಉಳಿಯಬಾರದೆಂದು ಬೆಳಗಿನ ಓರೆ ಬಿಸಿಲು ಬೀಳುವ ಹೊತ್ತಿಗೆ ಮತ್ತೆ ಮಟ್ಟಿಗುಡ್ಡಕ್ಕೆ ಹೋದೆ. ಆ ಬೆಳಕಿನಲ್ಲಿ ಕುಳಿಗಳು ಚೆನ್ನಾಗಿ ಕಾಣುತ್ತವೆ. ಅದು ‘ತೊ’ ಎಂಬುದರಲ್ಲಿ ನನಗೆ ಸಂಶಯ ಉಳಿಯಲಿಲ್ಲ. ಬಂದು ನಿಂತಿದ್ದ ಗೌಡರಿಗೆ ಇದ್ದದ್ದನ್ನು ಇದ್ದಂತೆ ಓದಿ ಹೇಳಿದೆ.

ಗೌಡರು ಕಲ್ಲನ್ನು, ನನ್ನನ್ನು, ಮತ್ತೆ ಕಲ್ಲನ್ನು ನೋಡಿದರು. "ಆ ಮಾತು ನಮ್ಮಲ್ಲಿ ಬೈಗುಳ ಐತಿ ಮೇಡಂರೀ. ಅದನ್ನ ನಮ್ಮ ಹಿರಿಯನ ಹೆಸರಿಗೆ ಹಚ್ತೀರೇನು?" ಎಂದು ಕೇಳಿ, ಉತ್ತರಕ್ಕೆ ಕಾಯದೆ ಹೊರಟರು.

ಕೊಡ ಹಿಡಿದು ನಿಂತಿದ್ದ ಹುಲಿಗೆಮ್ಮ ಮುಂದೆ ಬಂದಳು. ಅವಳೂ ನನ್ನ ಪರವಾಗಿರಲಿಲ್ಲ.

"ಆ ಮಾತೊಂದು ಬರಿಬ್ಯಾಡ ಯಕ್ಕಾ."

"ಯಾಕ?"

"ನಮ್ಮವ್ವ ಜೀತಕ್ಕಿದ್ಲು. ಅಕಿಗೆ ಹೆಸರಿದ್ರೂ ಯಾರೂ ಕರೀತಿದ್ದಿಲ್ಲ, ಆ ಮಾತ್ನ್ಯಾಗ ಕರೀತಿದ್ರು. ನಮ್ಮಣ್ಣಗಂತೂ ಅದ ಹೆಸರಾಗಿತ್ತು. ಈಗ ಕಲ್ಲಾಗೂ ಐತಿ ಅಂದ್ರ ಮಂದಿ ನಗ್ತಾರ."

ಬರಹದಲ್ಲಿ ಇರುವುದನ್ನು ಬಿಡುವ ಅಧಿಕಾರ ನನಗಿಲ್ಲ ಎಂದೆ. ಆಮೇಲೆ ಅವಳನ್ನು ಕಲ್ಲಿನ ಮುಂದೆ ಕೂರಿಸಿ ಕೆಳಗಿನ ಚಿತ್ರ ತೋರಿಸಿದೆ. ಕತ್ತಿ ಎತ್ತಿದ ಒಬ್ಬ ಗಂಡಸು. ಅವನ ಬೆನ್ನ ಹಿಂದೆ ಸಾಲಾಗಿ ಮೂವರು ಹೆಂಗಸರು. ಅವರ ಕೈ ಕಟ್ಟಿಲ್ಲ, ಕೈಗಳನ್ನು ಮೇಲೆತ್ತಿದ್ದಾರೆ. ಹುಲಿಗೆಮ್ಮ ಆ ಕೈಗಳ ಮೇಲೆ ಬೆರಳಾಡಿಸಿದಳು.

"ಇವ್ರನ್ನ ಬಿಡಿಸ್ಯಾನೇನು?"

"ಹೌದು. ಬಿಡಿಸಿ ಸತ್ತಾನ."

"ಕಲ್ಲು ಯಾರ್ ಹಾಕ್ಸ್ಯಾರ ಮತ್ತ?"

"ಬರದಿಲ್ಲ."

"ಇವ್ರ ಹಾಕ್ಸಿರ್ತಾರ" ಎಂದಳು, ಆ ಮೂವರನ್ನೇ ನೋಡುತ್ತ. ಅಂಥ ಊಹೆಯನ್ನು ವರದಿಯಲ್ಲಿ ಬರೆಯಲು ಬರುವುದಿಲ್ಲ. ನಾನೂ ಬರೆಯಲಿಲ್ಲ.

ಸುದ್ದಿ ಗುಡ್ಡ ದಾಟಲು ತಡವಾಗಲಿಲ್ಲ. ಎರಡೇ ದಿನದಲ್ಲಿ ನೇರಲಗಟ್ಟಿಯ ಮುಖಂಡ ಸಿದ್ದಪ್ಪ ಬಾಳೆಹಣ್ಣು, ಹೂವು ಹಿಡಿದು ನನ್ನ ಕೋಣೆಗೆ ಬಂದರು. ಮುಖದ ತುಂಬ ನಗು. "ತೊತ್ತಿನ ಮಕ್ಕಳು ಅಂತ ಕಲ್ಲಾಗ ಬರದೈತಂತಲ್ರೀ! ನಮ್ಮ ಹುಡುಗರು ಸ್ಟೇಟಸ್ ಹಾಕ್ಯಾರ. ಎಂದಿದ್ರೂ ಸತ್ಯ ಹೊರಗ ಬರ್ತೈತಿ ನೋಡ್ರಿ."

ನನಗೆ ಮೈಯೆಲ್ಲ ಉರಿಯಿತು. ಪಡಿಯಚ್ಚಿನ ಮುಂದೆ ನಿಲ್ಲಿಸಿ, "ಸತ್ಯ ಪೂರ್ತಿ ಕೇಳ್ರಿ" ಎಂದು ಮೊದಲ ಪದದಿಂದ ಓದಿದೆ. ಹೆಂಗಸರನ್ನು ಹೊತ್ತೊಯ್ದವರು ಯಾರೆಂದು ತಿಳಿಯುತ್ತಲೇ ಸಿದ್ದಪ್ಪನವರ ನಗು ಇಳಿಯಿತು.

"ಆ ನೇರಲಗಟ್ಟ ನಮ್ದ ಅಂತ ಹೆಂಗ್ ಹೇಳ್ತೀರಿ? ಬ್ಯಾರೆ ಇರಬಹುದು."

"ಗುಡ್ಡ ಕೇಳೂ ಮುಂದ ಸಾವಿರ ವರ್ಷದಿಂದ ನಮ್ಮೂರು ಅಂತೀರಿ. ಹೆಣ್ಮಕ್ಕಳನ್ನ ಹೊತ್ತೊಯ್ಯೂ ಮುಂದ ಬ್ಯಾರೆ ಊರೇನು?"

ಬಾಳೆಹಣ್ಣು ಅಲ್ಲೇ ಉಳಿದವು. ಸಿದ್ದಪ್ಪ ಹೊರಟುಹೋದರು.

ಆಮೇಲೆ ನಡೆದದ್ದನ್ನು ನೆನೆದರೆ ಈಗಲೂ ನಗು ಬರುತ್ತದೆ, ಸಿಟ್ಟೂ ಬರುತ್ತದೆ. ಇಷ್ಟು ವರ್ಷ ಒಬ್ಬರ ಊರಿನ ನೀರು ಇನ್ನೊಬ್ಬರು ಕುಡಿಯದೆ ಇದ್ದವರು, ವೀರನಗೌಡರು ಮತ್ತು ಸಿದ್ದಪ್ಪ, ಒಂದೇ ಕಾರಿನಲ್ಲಿ ನನ್ನ ಮೇಲಧಿಕಾರಿಯ ಕಚೇರಿಗೆ ಹೋದರು. ಒಬ್ಬರಿಗೆ ತೊತ್ತು ಬೇಡ, ಇನ್ನೊಬ್ಬರಿಗೆ ನೇರಲಗಟ್ಟ ಬೇಡ. ಕಲ್ಲಿನ ಅಕ್ಷರಗಳು ಸವೆದುಹೋಗಿವೆ ಎಂಬ ಒಂದು ಮಾತಿನ ಮೇಲೆ ಇಬ್ಬರೂ ಒಂದಾಗಿದ್ದರು.

ಮರುದಿನ ಮೇಲಧಿಕಾರಿ ನನ್ನನ್ನು ಕರೆಸಿದರು. ಅವರು ಮೈಸೂರಿನ ಕಡೆಯವರು. ಗದರಿಸಲಿಲ್ಲ. "ಅಂಚು ಒಡೆದಿದೆ ಅಂತ ಕರಡು ವರದಿಯಲ್ಲಿ ನೀವೇ ಬರೆದಿದ್ದೀರಲ್ಲ ಮೇಡಂ. ಒಂದು ಅಕ್ಷರ. ‘ಮುತ್ತಿನ’ ಅಂತ ಓದಿ, ಇಲ್ಲ ಎಲ್ಲವೂ ಅಸ್ಪಷ್ಟ ಅಂತ ಬರೆದುಬಿಡಿ. ಕಾಲು ಮುರಿಯೋವರೆಗೂ ಹೊಡೆದಾಡಿದ ಜನ ಒಂದಾಗಿದ್ದಾರೆ. ಶಾಂತಿಗಿಂತ ನಿಮ್ಮ ಅಕ್ಷರ ದೊಡ್ಡದಾ?"

ಆ ಪ್ರಶ್ನೆಗೆ ತೂಕ ಇರಲಿಲ್ಲ ಎಂದು ನಾನು ಹೇಳುವುದಿಲ್ಲ. ಸತ್ತವನು ಸತ್ತು ಸಾವಿರ ವರ್ಷವಾಗಿದೆ, ಬದುಕಿರುವವರ ತಲೆ ಒಡೆಯದಿದ್ದರೆ ಸಾಕಲ್ಲವೆ ಎಂದು ಅರೆಗಳಿಗೆ ನನಗೂ ಅನಿಸಿತು. ಆದರೆ ಆ ಇಬ್ಬರು ಗುಡ್ಡವನ್ನು ಹಂಚಿಕೊಳ್ಳಲು ಒಪ್ಪಿರಲಿಲ್ಲ. ಒಪ್ಪಿದ್ದು ಮಾರನನ್ನು ಅಳಿಸಲು ಮಾತ್ರ.

"ಅವರು ಒಂದಾಗಿರೋದು ಗಡಿಗಲ್ಲ ಸಾರ್, ನನ್ನ ಬಾಯಿ ಮುಚ್ಚಿಸೋಕೆ. ನಾನು ಓದಿದ್ದನ್ನೇ ಬರೆಯೋದು" ಎಂದೆ.

"ನಿವೃತ್ತಿ ಹತ್ತಿರ ಇದೆ. ಯೋಚನೆ ಮಾಡಿ."

"ಮಾಡಿದ್ದೇನೆ ಸಾರ್" ಎಂದು ಎದ್ದುಬಂದೆ.

ಉಪವಿಭಾಗಾಧಿಕಾರಿಗಳ ಮುಂದೆ ಗಡಿಯ ವಿಚಾರಣೆಗೆ ಇನ್ನೂ ನಾಲ್ಕು ದಿನ ಇತ್ತು. ಅಷ್ಟರಲ್ಲಿ ಒಂದು ಮುಂಜಾನೆ ಹುಲಿಗೆಮ್ಮನ ಫೋನ್ ಬಂತು. "ಯಕ್ಕಾ, ಕಲ್ಲಿಗೆ ಜೀರ್ಣೋದ್ಧಾರ ಅಂತ ಬಣ್ಣ ಬಳ್ಯಾಕ ಹತ್ಯಾರ. ಬಂಗಾರದ ಬಣ್ಣ. ಅಕ್ಷರೆಲ್ಲ ಮುಚ್ಚಿ ಹೋದ್ವು, ಲಗೂನ ಬಾ."

ಬಸ್ಸಿಗೆ ಕಾಯದೆ ಆಟೋ ಮಾಡಿಕೊಂಡು ಹೋದೆ. ಹೋಗುವಷ್ಟರಲ್ಲಿ ಬೇವಿನ ಮರದ ಕೆಳಗೆ ಜನ ಸೇರಿದ್ದರು. ಕಲ್ಲು ಅಡಿಯಿಂದ ಮುಡಿಯವರೆಗೆ ಆಯಿಲ್ ಪೇಂಟಿನಲ್ಲಿ ಹೊಳೆಯುತ್ತಿತ್ತು. ಅದರ ಮುಂದೆ ಕೇರಿಯ ಏಳೆಂಟು ಹೆಂಗಸರು ಸೆರಗು ಸಿಕ್ಕಿಸಿ ಕುಳಿತು, ಸೀಮೆಎಣ್ಣೆ ಅದ್ದಿದ ಹಳೇ ಸೀರೆ ತುಂಡಿನಿಂದ ಹಸಿ ಬಣ್ಣವನ್ನು ತಿಕ್ಕುತ್ತಿದ್ದರು. ಬಣ್ಣ ಬಳಿದವರು ಡಬ್ಬಿ ಹಿಡಿದು ನಿಂತಿದ್ದರು. ಗೌಡರ ಮೇಸ್ತ್ರಿ ಕೂಗುತ್ತಿದ್ದ.

"ಏ ಹುಲಿಗೀ, ಕೈ ತಗೀ. ನಾಳಿಂದ ಗೌಡ್ರ ಹೊಲಕ್ಕ ಒಬ್ಬಾಕೀನೂ ಕಾಲಿಡಬ್ಯಾಡ್ರಿ ಮತ್ತ!"

ಹುಲಿಗೆಮ್ಮ ತಲೆ ಎತ್ತದೆ ತಿಕ್ಕುತ್ತಲೇ ಇದ್ದಳು. "ಇಡಂಗಿಲ್ಲ ತಗಾ. ತೆನಿ ನೀನ ಮುರಕ."

ಅವನು ಅವಳ ರಟ್ಟೆಗೆ ಕೈ ಹಾಕಲು ಬಗ್ಗಿದ. ಉಳಿದ ಹೆಂಗಸರು ತಿಕ್ಕುವುದು ಬಿಟ್ಟು ಒಟ್ಟಿಗೆ ಎದ್ದು ನಿಂತರು. ಅವನು ಕೈ ಹಿಂದೆ ತೆಗೆದುಕೊಂಡ. ನಾನು ಮುಂದೆ ಹೋಗಿ, ಹಳೆಯ ಶಾಸನಕ್ಕೆ ಬಣ್ಣ ಬಳಿಯುವುದು ತಪ್ಪು, ಬೇಕಾದರೆ ಠಾಣೆಯಲ್ಲಿ ಮಾತಾಡೋಣ ಎಂದೆ. ಡಬ್ಬಿ ಹಿಡಿದವರು ಒಬ್ಬೊಬ್ಬರಾಗಿ ಸರಿದರು. ತಂತಿ ಬ್ರಷ್ ತಂದಿದ್ದ ಒಬ್ಬಳ ಕೈಯಿಂದ, ಕಲ್ಲು ಗೀರೀತೆಂದು ಅದನ್ನು ಕಸಿದು, ತೆಂಗಿನ ನಾರು ಕೊಟ್ಟೆ. ಆಮೇಲೆ ನಾನೂ ಕೂತು ತಿಕ್ಕಿದೆ. ಹೊತ್ತು ಏರುವಷ್ಟರಲ್ಲಿ ಅಕ್ಷರಗಳು ಹೊರಗೆ ಬಂದವು. ಅಲ್ಲಲ್ಲಿ ಬಂಗಾರದ ಕಲೆ ಉಳಿಯಿತು.

"ಬರಿಬ್ಯಾಡ ಅಂದಿದ್ಯಲ್ಲ?" ಎಂದು ಹುಲಿಗೆಮ್ಮನನ್ನು ಕೇಳಿದೆ.

"ಅಂದಿದ್ದೆ. ಇವ್ರೂ ಬ್ಯಾಡ ಅನ್ನಾಕ ಹತ್ತಿದ ಮ್ಯಾಲ ನನಗ ಬೇಕನ್ನಿಸ್ತು" ಎಂದಳು.

ವಿಚಾರಣೆ ಹರಪನಹಳ್ಳಿಯಲ್ಲಿ. ಉಪವಿಭಾಗಾಧಿಕಾರಿ ನನ್ನ ಮಗನ ವಯಸ್ಸಿನವರು. ಎರಡೂ ಊರಿನ ವಕೀಲರು ಒಂದೇ ಪಾಠ ಒಪ್ಪಿಸಿದರು: ಬರಹ ಸವೆದಿದೆ, ಓದಲು ಬರುವುದಿಲ್ಲ. ನಾನು ನನ್ನ ಓದನ್ನು ವರದಿಯಾಗಿ ಕಳಿಸಿದ್ದರೂ, ನನ್ನ ಮೇಲಧಿಕಾರಿಯೂ ಬೇರೆಯಾಗಿ ಹಾಗೆಯೇ ಬರೆದು ಕಳಿಸಿದ್ದರು.

"ನಿಮ್ಮ ಕಚೇರಿ ಅಸ್ಪಷ್ಟ ಅಂತ ಬರೆದಿದೆ. ನೀವು ಓದಿದೆ ಅಂತೀರಿ. ಯಾವುದು ನಿಜ?" ಎಂದು ಅಧಿಕಾರಿ ಕೇಳಿದರು.

"ನೀವೇ ನೋಡಿ ಸಾರ್" ಎಂದು ಮೇಜಿನ ಮೇಲೆ ಪಡಿಯಚ್ಚು ಹರಡಿದೆ. ‘ಮುತ್ತಿನ ಮಗ’ ಎಂಬ ವಾದಕ್ಕೆ ನನ್ನಲ್ಲಿ ಎರಡು ಉತ್ತರ ಇದ್ದವು. ಒಂದು, ಅದೇ ಸಾಲಿನಲ್ಲಿ ಮುಂದಿನ ಎರಡು ಪದಗಳು ‘ಮಗಂ’, ‘ಮಾರಂ’. ಎರಡೂ ‘ಮ’ಕಾರದಿಂದ ಶುರುವಾಗುತ್ತವೆ. ಕೆತ್ತಿದ ಕೈ ಒಂದೇ. ಒಡೆದ ಅಕ್ಷರವನ್ನು ಅವುಗಳ ಪಕ್ಕದಲ್ಲಿಟ್ಟು ನೋಡಿದರೆ ಹಳಗನ್ನಡ ಬಾರದವರಿಗೂ ಅದು ‘ಮ’ ಅಲ್ಲ ಎಂದು ಗೊತ್ತಾಗುತ್ತದೆ. ಅಧಿಕಾರಿ ಬೆರಳಿಟ್ಟು ನೋಡಿದರು, ತಲೆಯಾಡಿಸಿದರು. ಇನ್ನೊಂದು ಮನೆಮಾತಿನ ಲೆಕ್ಕ. ಮುತ್ತ ಎಂಬುದು ಮನುಷ್ಯನ ಹೆಸರಾಗಿದ್ದರೆ ‘ಮುತ್ತನ ಮಗ’ ಆಗಬೇಕು. ‘ಮುತ್ತಿನ’ ಎಂದರೆ ಸರಕ್ಕೆ ಪೋಣಿಸುವ ಮುತ್ತು. ಅದಕ್ಕೆ ಮಗ ಹುಟ್ಟುವುದಿಲ್ಲ. ಕೋಣೆಯಲ್ಲಿ ಯಾರೋ ನಕ್ಕರು.

ನಾನು ಇಡೀ ಬರಹವನ್ನು ಗಟ್ಟಿಯಾಗಿ ಓದಿದೆ. ನೇರಲಗಟ್ಟವನ್ನೂ ಓದಿದೆ, ತೊತ್ತನ್ನೂ ಓದಿದೆ. ಗಡಿಯ ಬಗ್ಗೆ ಇಲ್ಲಿ ಒಂದಕ್ಷರವೂ ಇಲ್ಲ ಎಂದು ಹೇಳಿ ಕುಳಿತೆ.

ವೀರನಗೌಡರು ಎದ್ದರು. "ಸಾಹೇಬ್ರ, ಊರಾಗ ಮರ್ಯಾದಿ ಅಂತ ಒಂದು ಇರ್ತೈತಿ. ಆ ಮಾತು ಸರ್ಕಾರದ ಕಾಗದದಾಗ ಬಂದ್ರ ನಾವು ತಲಿ ಎತ್ತಿ ಅಡ್ಡಾಡೋದು ಹೆಂಗ?"

ಹಿಂದಿನ ಬಾಗಿಲ ಹತ್ತಿರದಿಂದ "ನಂದೊಂದು ಮಾತೈತ್ರಿ" ಎಂಬ ದನಿ ಬಂತು. ಹುಲಿಗೆಮ್ಮ, ಅವಳ ಹಿಂದೆ ಕೇರಿಯ ಹೆಂಗಸರು. ವಕೀಲರು ಇವರಿಗೂ ಈ ಪ್ರಕರಣಕ್ಕೂ ಸಂಬಂಧವಿಲ್ಲ ಎಂದರು. ಅಧಿಕಾರಿ ಕೈಸನ್ನೆಯಿಂದ ಅವರನ್ನು ತಡೆದು, ಹೇಳಮ್ಮ ಎಂದರು.

"ಸಾಹೇಬ್ರ, ಆ ಮಾತು ನಾವು ಹುಟ್ಟಿದಾಗಿಂದ ಹೊತ್ತೀವಿ. ಹೊಲದಾಗ ಕೈ ನಿಧಾನಾದ್ರ ಅದ, ಕೂಲಿ ಕೇಳಿದ್ರ ಅದ. ನಮ್ಮನ್ನ ಅನ್ನೂ ಮುಂದ ಯಾರ ಮರ್ಯಾದೀನೂ ಹೋಗಿದ್ದಿಲ್ಲ. ಈಗ ಕಲ್ಲಾಗ ಬಂದ ಕೂಡ್ಲೇ ಎಲ್ಲಾರ ಮರ್ಯಾದಿ ಹೋತು. ಅವ ಆ ಮಾತು ಹೊತ್ಗಂಡ ಹೋಗಿ ಹೆಣ್ಮಕ್ಕಳನ್ನ ಬಿಡಿಸ್ಯಾನ. ಗೌಡ್ರಿಗೆ ಬ್ಯಾಡಂದ್ರ ಬಿಡ್ಲಿ, ಅವ ನಮ್ಮವ. ನಮಗ ಬೇಕು."

ಸಿದ್ದಪ್ಪ ನೆಲ ನೋಡುತ್ತಿದ್ದರು. ಗೌಡರು ಕುಳಿತರು.

ಆದೇಶ ಬಂತು. ಕಲ್ಲು ಗಡಿಕಲ್ಲಲ್ಲ, ಅದರ ಆಧಾರದ ಮೇಲೆ ಯಾವ ಊರೂ ಗುಡ್ಡವನ್ನು ಕೇಳುವಂತಿಲ್ಲ, ಎರಡೂ ತಾಲ್ಲೂಕಿನ ಸರ್ವೇಯರುಗಳು ಕೂಡಿ ಅಳತೆ ಮಾಡಬೇಕು, ಶಾಸನದ ಓದನ್ನು ಇದ್ದಂತೆ ದಾಖಲಿಸಬೇಕು. ಅಳತೆ ಮುಗಿದು ಗುಡ್ಡಕ್ಕೆ ನಡುವೆ ಗೆರೆ ಬಿತ್ತು. ಎರಡೂ ಊರು ಗೊಣಗಿದವು, ಆದರೆ ಕುರಿಗಳು ಎರಡೂ ಕಡೆ ಮೇಯುತ್ತಿವೆ.

ವಿಚಾರಣೆಯ ದಿನ ಕಚೇರಿಯ ಹೊರಗೆ ಗೌಡರು ನನ್ನನ್ನು ತಡೆದಿದ್ದರು. ದನಿಯಲ್ಲಿ ಸಿಟ್ಟಿರಲಿಲ್ಲ. "ನಮ್ಮಜ್ಜ ಸುಳ್ಳು ಹೇಳಿದ್ನೇನ್ರಿ?"

"ಇಲ್ರಿ ಗೌಡ್ರ. ಅವ್ರಿಗೆ ಯಾರೂ ಸರಿಯಾಗಿ ಓದಿ ಹೇಳಿದ್ದಿಲ್ಲ."

ಅವರು ನಮಸ್ಕಾರ ಮಾಡದೆ ಹೋದರು. ನನಗೆ ಕೆಡುಕೆನಿಸಿತು. ಆದರೆ ಹೇಳಿದ್ದನ್ನು ಹಿಂದೆ ತೆಗೆದುಕೊಳ್ಳಬೇಕೆಂದು ಅನಿಸಲಿಲ್ಲ.

ಕೇರಿಯ ಹೆಂಗಸರಿಗೆ ಗೌಡರ ಹೊಲದ ಕೆಲಸ ನಿಂತಿತು. ಅವರು ಟೆಂಪೊ ಹತ್ತಿ ಹರಪನಹಳ್ಳಿ ತಾಲ್ಲೂಕಿನ ತೆಲಿಗಿ, ಅರಸೀಕೆರೆ ಕಡೆಯ ಹೊಲಗಳಿಗೆ ಹೋದರು. ದೂರದ ಕೆಲಸ, ಮೈ ನುಗ್ಗಾಗುವ ತಿರುಗಾಟ. ತೆನೆ ಗಿಡದಲ್ಲೇ ಒಣಗುವ ಹೊತ್ತಿಗೆ ಅದೇ ಮೇಸ್ತ್ರಿ ಕೇರಿಗೆ ಬಂದು ಕರೆದ. ಹುಲಿಗೆಮ್ಮ ತಕ್ಷಣ ಹೂಂ ಎನ್ನಲಿಲ್ಲ. ಹೊಲದಲ್ಲಿ ಯಾರನ್ನಾಗಲಿ ಇಟ್ಟ ಹೆಸರಿನಿಂದಲೇ ಕರೆಯಬೇಕು, ಒಬ್ಬಳನ್ನು ಬೈದರೂ ಗುಂಪೆಲ್ಲ ಕೆಲಸ ಬಿಟ್ಟು ಬದು ಹತ್ತಿ ಬರುತ್ತದೆ ಎಂದಳು. ಮೇಸ್ತ್ರಿ ಗೌಡರನ್ನು ಕೇಳಿ ಬರಲು ಹೋದ. ಸಂಜೆ ಬಂದು ಆಗಲಿ ಎಂದ. ಇದನ್ನು ಅವಳೇ ಫೋನಿನಲ್ಲಿ ಹೇಳಿದಳು.

ಅಷ್ಟರಲ್ಲಿ ನನಗೆ ವರ್ಗಾವಣೆಯಾಗಿತ್ತು. ದೂರದ ಜಿಲ್ಲೆಯೊಂದರಲ್ಲಿ, ಒಡೆದ ಮೂರ್ತಿಗಳನ್ನು ಕೂಡಿಹಾಕಿದ ಉಗ್ರಾಣದ ಮೇಲ್ವಿಚಾರಣೆ. ಓದಲು ಒಂದು ಕಲ್ಲೂ ಇರಲಿಲ್ಲ. ಅಲ್ಲೇ ನಿವೃತ್ತಳಾದೆ. ಯಾರ ಹತ್ತಿರವೂ ಹೋಗಿ ವಾಪಸ್ ಹಾಕಿಸಿ ಎಂದು ಕೇಳಲಿಲ್ಲ.

ಮೊನ್ನೆ ನನ್ನ ಜಾಗಕ್ಕೆ ಬಂದಿರುವ ಹುಡುಗಿ ಫೋನ್ ಮಾಡಿದ್ದಳು. ಹಡಗಲಿಯ ಹತ್ತಿರ ಒಂದು ಶಾಸನ, ಊರಿನವರಿಗೆ ಒಂದು ಪದ ಹಿಡಿಸುತ್ತಿಲ್ಲ, ‘ಸವೆದಿದೆ’ ಎಂದು ಬರೆದು ಮುಗಿಸಲೇ ಎಂದು ಕೇಳಿದಳು. ಮೂವತ್ತು ವರ್ಷಗಳ ಈ ಕೆಲಸದಲ್ಲಿ ನಾನು ಕಲಿತದ್ದನ್ನು ಅವಳಿಗೆ ಹೇಳಿದೆ. ಸವೆದ ಅಕ್ಷರ ಬೇರೆ, ಬೇಡವಾದ ಅಕ್ಷರ ಬೇರೆ. ಮೊದಲನೆಯದನ್ನು ಬಿಸಿಲು ಮಳೆ ಸವೆಸುತ್ತವೆ. ಎರಡನೆಯದನ್ನು ಸವೆಸಲು ನಮ್ಮ ಕೈಯನ್ನೇ ಕೇಳುತ್ತಾರೆ.

"ಕೊಡಬ್ಯಾಡ" ಎಂದೆ.